ರೇಡಿಯೋಗೆ ನಗೆನಾಟಕ ಬರೆಯೋರು ಟಿವಿಗೆ ಹೇಗೆ ದಾಟಬೇಕು? ಮ್ಯಾಡೆಲಿನ್ ಪ್ಯೂ ಬಗ್ಗೆ ಗೊತ್ತಿದ್ದವರು ಹೇಳಿ

ಪ್ರಶ್ನೆ (ಹಾಸನದಿಂದ)
ಹನ್ನೆರಡು ವರ್ಷದಿಂದ ರೇಡಿಯೋಗೆ ನಗೆನಾಟಕ ಬರೀತಿದ್ದೇನೆ. ಹೋದ ವರ್ಷ ಮೊದಲ ಸಲ ಟಿವಿಗೆ ಒಂದು ಕಂತು ಬರೆದೆ. ಓದಿದವರು, "ಮಾತು ಚೆನ್ನಾಗಿದೆ, ಆದರೆ ಗಂಡ ಹೆಂಡತಿ ಸೋಫಾ ಬಿಟ್ಟು ಏಳೋದೇ ಇಲ್ಲವಲ್ಲ" ಅಂದರು. ನಿಜ ಹೇಳಿದ್ದರು, ಅದಕ್ಕೇ ಜಾಸ್ತಿ ನೋವಾಯ್ತು. ಅಮೆರಿಕದ ಹಳೇ ಟಿವಿ ನಗೆಸರಣಿ 'ಐ ಲವ್ ಲೂಸಿ' ಬರೆದ ಮ್ಯಾಡೆಲಿನ್ ಪ್ಯೂ ಕೂಡ ರೇಡಿಯೋದವರೇ ಅಲ್ವಾ? ಅವರಿಗೆ ಇದು ಹೇಗೆ ಕೈಹತ್ತಿತು?

ಉತ್ತರ 1
ಹೌದು, ರೇಡಿಯೋದವರೇ. 1921ರಲ್ಲಿ ಇಂಡಿಯಾನಾಪೊಲಿಸ್‌ನಲ್ಲಿ ಹುಟ್ಟಿದರು, ಅಲ್ಲಿನ ರೇಡಿಯೋದಲ್ಲೇ ಕೆಲಸ ಶುರು. ಗಂಡಸರು ಎರಡನೇ ಮಹಾಯುದ್ಧಕ್ಕೆ ಹೋಗಿದ್ದ ಕಾಲ, ಹಾಗಾಗಿ ಹುಡುಗಿಯರಿಗೂ ಬರೆಯುವ ಕೆಲಸ ಸಿಗುತ್ತಿತ್ತು. ಆಮೇಲೆ ಲಾಸ್ ಏಂಜಲೀಸ್. ಅಲ್ಲಿ ಬಾಬ್ ಕ್ಯಾರೊಲ್ ಜೂನಿಯರ್ ಜೊತೆಯಾದರು. ನಟಿ ಲೂಸಿಲ್ ಬಾಲ್ ಅವರ 'ಮೈ ಫೇವರಿಟ್ ಹಸ್ಬೆಂಡ್' ರೇಡಿಯೋ ಸರಣಿಗೆ ಸೇರಬೇಕು ಅಂತ ಇಬ್ಬರಿಗೂ ಆಸೆ. ಆಗ ರೇಡಿಯೋ ಹಾಸ್ಯಗಾರ ಸ್ಟೀವ್ ಆ್ಯಲನ್ ಅವರಿಗೆ ಬರೆಯುತ್ತಿದ್ದರು. ಮಾದರಿ ಸ್ಕ್ರಿಪ್ಟ್ ಬರೆಯಲು ಬಿಡುವು ಬೇಕಲ್ಲ? "ಒಂದು ವಾರ ನಿಮ್ಮ ಕಾರ್ಯಕ್ರಮ ನೀವೇ ಬರೆದುಕೊಳ್ಳಿ" ಅಂತ ಆ್ಯಲನ್‌ಗೇ ದುಡ್ಡು ಕೊಟ್ಟರು! ಅಷ್ಟು ಹಂಬಲ.

ನಿಮಗೆ ಬೇಕಾದ ಉತ್ತರ ಆ ಸರಣಿಯಲ್ಲೇ ಇದೆ. ರೇಡಿಯೋ ಆದರೂ ಎದುರಿಗೆ ಜನ ಕೂತಿರುತ್ತಿದ್ದರು. ಮುಖ್ಯ ಬರಹಗಾರ ಜೆಸ್ ಓಪನ್‌ಹೈಮರ್ ಲೂಸಿಲ್ ಅವರನ್ನು ಹಾಸ್ಯನಟ ಜಾಕ್ ಬೆನ್ನಿ ಕಾರ್ಯಕ್ರಮ ನೋಡಿ ಬನ್ನಿ ಅಂತ ಕಳಿಸಿದರು. ಆಮೇಲೆ ಲೂಸಿಲ್ ಮೈಕಿನ ಮುಂದೆ ಮುಖದಲ್ಲೂ ಆಡತೊಡಗಿದರು. ಅಂದರೆ 1951ರ ಅಕ್ಟೋಬರ್‌ನಲ್ಲಿ ಲೂಸಿಲ್ 'ಐ ಲವ್ ಲೂಸಿ'ಯ ಲೂಸಿಯಾಗಿ ಟಿವಿಗೆ ಬರುವ ಹೊತ್ತಿಗೆ, ಆ ಮುಖ ಏನೇನು ಮಾಡಬಲ್ಲದು ಅಂತ ಬರೆಯುವವರಿಗೆ ಗೊತ್ತಿತ್ತು. ನಿಮ್ಮ ನಟರು ರಿಹರ್ಸಲ್ ಮಾಡುವಾಗ ಒಮ್ಮೆ ಸುಮ್ನೆ ಕೂತು ನೋಡಿ.

ಉತ್ತರ 2
ಒಂದು ಮಾತು ಸೇರಿಸ್ತೀನಿ. ಮ್ಯಾಡೆಲಿನ್, ಬಾಬ್ ಅವರ ಸ್ಕ್ರಿಪ್ಟಿನಲ್ಲಿ ಲೂಸಿ ಮಾಡುವ ಚೇಷ್ಟೆಯೆಲ್ಲ ದೊಡ್ಡಕ್ಷರದಲ್ಲಿ, ಹೆಜ್ಜೆ ಹೆಜ್ಜೆಯಾಗಿ ಟೈಪ್ ಆಗಿರುತ್ತಿತ್ತು. ಹಾಳೆ ಕಪ್ಪಾಗಿ ಕಾಣುತ್ತಿತ್ತು, ಅದಕ್ಕೆ 'ಕಪ್ಪು ಭಾಗ' ಅಂತಲೇ ಹೆಸರು. ಯಾವುದನ್ನು ಎತ್ತಬೇಕು, ಆಮೇಲೆ ಎಲ್ಲಿ ನೋಡಬೇಕು, ಎಲ್ಲವೂ. ಚಾಕೊಲೇಟ್ ಕಾರ್ಖಾನೆ ಕಂತು (1952) ನೋಡಿ: ಚಾಕೊಲೇಟ್ ಹೊತ್ತು ಬರುವ ಬೆಲ್ಟ್ ವೇಗವಾಗುತ್ತದೆ, ಕಾಗದ ಸುತ್ತಲು ಆಗುವುದಿಲ್ಲ, ಬಾಯಿಗೆ, ಟೋಪಿಗೆ, ರವಿಕೆಯೊಳಗೆ ತುರುಕುತ್ತಾರೆ. ಅಲ್ಲಿ ಮಾತಿಗೆ ಕೆಲಸವೇ ಇಲ್ಲ.

ಇನ್ನೊಂದು: ಕಷ್ಟದ್ದನ್ನು ಮ್ಯಾಡೆಲಿನ್ ತಾವೇ ಮೊದಲು ಮಾಡಿ ನೋಡುತ್ತಿದ್ದರು. ಒಂಟಿಚಕ್ರದ ಸೈಕಲ್ ಹತ್ತಿ ಗೋಡೆಗೆ ಗುದ್ದಿಕೊಂಡ ಮೇಲೆ, ಇದು ಲೂಸಿಗೆ ಬೇಡ ಅಂತ ಬಿಟ್ಟರು. ಮೊದಲ ವರ್ಷ 35 ಕಂತು, ಬರೆದವರು ಮೂರೇ ಜನ: ಮ್ಯಾಡೆಲಿನ್, ಬಾಬ್, ಜೆಸ್. ಇದೆಲ್ಲ ಓದಿದಾಗಲೆಲ್ಲ ನನಗೆ ಅವರ ಮೇಲೆ ತುಂಬಾ ಪ್ರೀತಿ ಬರುತ್ತದೆ.

ಕೇಳಿದವರು
ಇಬ್ಬರಿಗೂ ಥ್ಯಾಂಕ್ಸ್. ನಿನ್ನೆ ರಾತ್ರಿ ಸೋಫಾ ದೃಶ್ಯ ತೆಗೆದು ಅಡುಗೆಮನೆಗೆ ಹಾಕಿದೆ. ಅತ್ತೆ ಬರೋಷ್ಟರಲ್ಲಿ ಸೊಸೆ ಸೀದ ಹೋಳಿಗೆ ಬಚ್ಚಿಡಬೇಕು. ನಾನೇ ಎದ್ದು ಹೋಗಿ ಮಾಡಿ ನೋಡಿದೆ. ಎಂಟು ಹೋಳಿಗೆ ಅಕ್ಕಿ ಡಬ್ಬಿಗೆ ಹಾಕಿದರೆ ಮುಚ್ಚಳ ಕೂರುವುದಿಲ್ಲ, ಒತ್ತಿದರೆ ಅಕ್ಕಿ ಚೆಲ್ಲುತ್ತದೆ. ಅದನ್ನು ಹಾಗೇ ಬರೆದುಕೊಂಡೆ, ಒಂದೂ ಮಾತಿಲ್ಲದೆ.