ಗೋಡೆಯ ನೆರಳಲ್ಲಿ ಪಟ್ಟಿ ಪಟ್ಟಿ ಬರ್ತದೆ, ಯಾರಾದರೂ ಹೇಳಿ

ಚಾವಡಿ_ನೆರಳು, ಉಡುಪಿ:
ಮೂರು ದಿನದಿಂದ ತಲೆ ಕೆಟ್ಟುಹೋಗಿದೆ. ಕಿರುಚಿತ್ರದಲ್ಲಿ ನಾಲ್ಕು ನಿಮಿಷದ ಒಂದೇ ಶಾಟ್. ಹಳೇ ಮನೆಯ ಚಾವಡಿ, ಅಜ್ಜಿ ಒಬ್ಬರೇ, ಹಿಂದೆ ಸುಣ್ಣದ ಗೋಡೆಯಲ್ಲಿ ಅವರ ನೆರಳು. ಮಾತಿಲ್ಲ, ಸಂಗೀತ ಇಲ್ಲ, ಜೊತೆಗೆ ಅಂತ ಇರುವುದು ಆ ನೆರಳೊಂದೇ. ಆದರೆ ಬೆಳಕು ಕತ್ತಲಿಗೆ ಇಳಿಯುವಲ್ಲೆಲ್ಲ ಪಟ್ಟಿ ಪಟ್ಟಿ, ಅದೂ ಅಲುಗಾಡ್ತದೆ. ಕಣ್ಣು ಅಜ್ಜಿಯನ್ನು ಬಿಟ್ಟು ಅಲ್ಲಿಗೇ ಹೋಗ್ತದೆ. ಸೆಕೆಂಡಿಗೆ 24 ಫ್ರೇಮ್, ಶಟರ್ 1/48 ಸೆಕೆಂಡ್. ಎಂತ ಮಾಡುವುದು?

ಕುಡ್ಲ_ಲೆನ್ಸ್:
ಫ್ಲಿಕರ್. ನಮ್ಮ ಕರೆಂಟು 50 ಹರ್ಟ್ಸ್, ಬಲ್ಬು ಸೆಕೆಂಡಿಗೆ 100 ಸಲ ಮಿನುಗ್ತದೆ. ಅದಕ್ಕೆ 1/48 ಹೊಂದುವುದಿಲ್ಲ. 1/50 ಇಡಿ.

ಮಲ್ಪೆ_ಫ್ರೇಮ್:
1/50 ಸಾಲದು. ಎಲ್‌ಇಡಿಗೆ ಡಿಮ್ಮರ್ ಹಾಕಿದ್ದರೆ ಅದರ ಮಿನುಗು ಬೇರೆ ಲೆಕ್ಕದ್ದು.

ಕುಡ್ಲ_ಲೆನ್ಸ್:
ಮೊದಲು ಶಟರ್ ಸರಿ ಮಾಡಲಿ ಮಾರಾಯ್ರೆ. ಮದುವೆ ಹಾಲ್‌ಗಳಲ್ಲಿ ಹತ್ತು ವರ್ಷ ಇದನ್ನೇ ನೋಡಿದ್ದೇನೆ. ನನ್ನಲ್ಲಿ ಎರಡು ಕ್ಯಾಮೆರಾ ಬಾಡಿ ಉಂಟು. ಲೆನ್ಸ್ 35, 50, 85, ಎಲ್ಲ ಎಫ್ 1.4. ಒಂದರಲ್ಲೂ ಪಟ್ಟಿ ಬಂದದ್ದಿಲ್ಲ.

ಮಲ್ಪೆ_ಫ್ರೇಮ್:
ಲೆನ್ಸಿಗೂ ಇದಕ್ಕೂ ಎಂತ ಸಂಬಂಧ?

ಚಾವಡಿ_ನೆರಳು:
ಬಲ್ಬು ಎಲ್ಲಿ ಉಂಟು? ಚಿಮಿಣಿ ದೀಪ ಮಾತ್ರ. ಮೇನ್ ಸ್ವಿಚ್ಚೇ ಆಫ್ ಮಾಡಿದ್ದೆ.

ಕುಡ್ಲ_ಲೆನ್ಸ್:
ಅದನ್ನು ಮೊದಲೇ ಹೇಳಬೇಕಿತ್ತು.

ಕಾಪು_ಕತ್ತಲೆ:
ಪಟ್ಟಿ ಅಡ್ಡಕ್ಕೆ ನೇರವಾ, ದೀಪದ ಸುತ್ತ ಬಳೆಯ ಹಾಗಾ? ಲಾಗ್‌ನಲ್ಲಿ, ಅಂದರೆ ಆಮೇಲೆ ಬಣ್ಣ ತಿದ್ದಲಿಕ್ಕೆ ಅಂತ ಮಸುಕಾಗಿ ತೆಗೆಯುವ ಮೋಡ್‌ನಲ್ಲಿ ತೆಗೆದದ್ದಾ?

ಚಾವಡಿ_ನೆರಳು:
ಬಳೆಯ ಹಾಗೆ. ಲಾಗ್, 8 ಬಿಟ್. ಗ್ರೇಡಿಂಗ್‌ನಲ್ಲಿ, ಬಣ್ಣ ತಿದ್ದುವಾಗ, ನೆರಳಿನ ಬೆಳಕನ್ನು ತುಂಬ ಎತ್ತಿದ್ದೇನೆ.

ಕಾಪು_ಕತ್ತಲೆ:
ಅಲ್ಲೇ ಇರುವುದು. 8 ಬಿಟ್‌ನಲ್ಲಿ ಒಂದೊಂದು ಬಣ್ಣಕ್ಕೆ 256 ಮೆಟ್ಟಿಲು, 10 ಬಿಟ್‌ನಲ್ಲಿ 1024. ಕತ್ತಲ ಗೋಡೆಗೆ ಆ 256ರಲ್ಲಿ ಸಿಗುವುದು ಕೆಲವೇ ಕೆಲವು. ಎತ್ತಿದ ಕೂಡಲೇ ಅವುಗಳ ಅಂಚು ಕಾಣ್ತದೆ. ದೀಪದ ಕುಡಿ ಅಲುಗಿದಾಗ ಅಂಚೂ ಸರೀತದೆ. ಕಪ್ಪನ್ನು ಕಪ್ಪಾಗಿಯೇ ಬಿಡಿ, ಮೇಲೆ ಸಣ್ಣ ಗ್ರೇನ್ ಹಾಕಿ, ಹಳೇ ಫಿಲ್ಮಿನ ಹಾಗೆ ಮರಳು ಮರಳು ಚುಕ್ಕೆ; ಅಂಚು ಅದರಲ್ಲಿ ಮುಚ್ಚಿಹೋಗ್ತದೆ. ಆಗುವುದಾದರೆ 10 ಬಿಟ್‌ನಲ್ಲಿ ಪುನಃ ತೆಗೆಯಿರಿ.

ಮಲ್ಪೆ_ಫ್ರೇಮ್:
ಗ್ರೇನ್ ಹಾಕಿದರೆ ಸುಣ್ಣದ ಗೋಡೆಯ ನುಣುಪು ಹೋಗ್ತದೆ. ನಾನು ಒಪ್ಪುವುದಿಲ್ಲ.

ಚಾವಡಿ_ನೆರಳು:
ಪುನಃ ತೆಗೆಯುವ ಹಾಗಿಲ್ಲ. ಮನೆಯ ಹಂಚು ಇಳಿಸಿ ಆಯ್ತು, ಅಜ್ಜಿ ಮಗನ ಫ್ಲ್ಯಾಟಿಗೆ ಹೋದರು. ಗ್ರೇನ್ ಹಾಕಿದೆ, ಟೈಮ್‌ಲೈನ್‌ನಲ್ಲಿ ಪಟ್ಟಿ ಇಲ್ಲ. ಕಪ್ಪು ಇಳಿಸಿದ ಮೇಲೆ ಅಜ್ಜಿಯ ಕೈ ಮಾತ್ರ ಕಾಣ್ತದೆ. ಮೊದಲೇ ಹೀಗೆ ಮಾಡಬೇಕಿತ್ತು. ಆದರೆ ಎಕ್ಸ್‌ಪೋರ್ಟ್ ಮಾಡಿದರೆ ಪಟ್ಟಿ ವಾಪಸ್! ಬಿಟ್‌ರೇಟ್, ಅಂದರೆ ಸೆಕೆಂಡಿಗೆ ಇಟ್ಟ ಡೇಟಾ, 8 ಎಂಬಿಪಿಎಸ್.

ಕಾಪು_ಕತ್ತಲೆ:
8 ಎಂಬಿಪಿಎಸ್‌ನಲ್ಲಿ ಗ್ರೇನ್ ಉಳಿಯುವುದಿಲ್ಲ, ಕಂಪ್ರೆಶನ್ ಮೊದಲು ಒರೆಸುವುದೇ ಅದನ್ನು. 40ಕ್ಕೆ ಏರಿಸಿ, ಕಂಪ್ರೆಶನ್ ಎಚ್ 265, 10 ಬಿಟ್ ಇಡಿ.

ಚಾವಡಿ_ನೆರಳು:
ಈಗ ಹಾಕಿದ್ದೇನೆ. ಇನ್ನು ಐವತ್ತು ನಿಮಿಷ ತೋರಿಸ್ತಾ ಉಂಟು.