‘ಪತ್ರಕರ್ತ’ ಅಂದರೆ ಪತ್ರಿಕೆಯವರೇ ಆಗಬೇಕಾ? ಬರ್ನಾರ್ ಪಿವೊ ಬಗ್ಗೆ ಬರೆಯುವಾಗ ಕಾಡಿದ ಪದಗಳು

ಎಲ್ಲರಿಗೂ ನಮಸ್ಕಾರ.

ನಮ್ಮ ಓದುವ ಬಳಗದಲ್ಲಿ ತಿಂಗಳಿಗೊಬ್ಬರನ್ನು ಪರಿಚಯಿಸುವ ಒಂದು ಪುಟ ತರುತ್ತೇವೆ. ಈ ಸಲ ನನ್ನ ಸರದಿ. ಫ್ರಾನ್ಸಿನ ಬರ್ನಾರ್ ಪಿವೊ ಅವರನ್ನು ಆರಿಸಿಕೊಂಡೆ. ಮೊದಲ ಸಾಲು ಹೀಗಿತ್ತು: ‘ಬರ್ನಾರ್ ಪಿವೊ (1935–2024) ಫ್ರಾನ್ಸಿನ ರೇಡಿಯೋ ಮತ್ತು ಟಿವಿ ಪತ್ರಕರ್ತ, ಲೇಖಕ.’ ಇದರಲ್ಲಿ ತಕರಾರು ಏನಿರುತ್ತೆ ಅಂದುಕೊಂಡಿದ್ದೆ. ಕರಡು ನೋಡಿದ ಗೆಳೆಯರು ‘ಪತ್ರಕರ್ತ’ದ ಸುತ್ತ ಕೆಂಪು ಶಾಯಿಯಲ್ಲಿ ಒಂದು ಸುತ್ತು ಹಾಕಿ, ‘ಟಿವಿಯವರು ಪತ್ರಕರ್ತರು ಹೇಗಾಗ್ತಾರೆ? ಪತ್ರ ಎಲ್ಲಿದೆ? ನಿರೂಪಕ ಅಂತ ಬರೀರಿ’ ಅಂದರು. ‘ಲೇಖಕ’ದ ಪಕ್ಕದಲ್ಲೂ ಒಂದು ಪ್ರಶ್ನೆಚಿಹ್ನೆ ಇತ್ತು.

ಅಲ್ಲಿಂದ ಶುರುವಾದ ಜಗಳ ಇನ್ನೂ ಮುಗಿದಿಲ್ಲ. ನಿಮ್ಮ ಅಭಿಪ್ರಾಯ ಬೇಕು. ಅದಕ್ಕೆ ಮೊದಲು ನನ್ನ ಕಡೆಯ ವಾದ ಹೇಳಿಬಿಡುತ್ತೇನೆ.

‘ನಿರೂಪಕ’ ನನಗೆ ಒಪ್ಪಿಗೆಯಾಗುವುದಿಲ್ಲ. ಹಳೆಯ ಕಾಗದಪತ್ರಗಳಲ್ಲಿ ‘ನಿರೂಪ’ ಅಂದರೆ ಅರಸರ ಅಪ್ಪಣೆ. ಕಥೆ ಕಾದಂಬರಿಗಳ ಚರ್ಚೆಯಲ್ಲಿ ನಿರೂಪಕ ಅಂದರೆ ಕಥೆ ಹೇಳುವ ದನಿ. ಟಿವಿಯಲ್ಲಿ ಮಾತ್ರ ಅದು ಮೈಕ್ ಹಿಡಿದು ಕಾರ್ಯಕ್ರಮ ನಡೆಸಿಕೊಡುವವರು. ಪುಸ್ತಕಗಳ ಬಗ್ಗೆಯೇ ಕಾರ್ಯಕ್ರಮ ನಡೆಸಿದವರನ್ನು ನಿರೂಪಕ ಅಂದರೆ, ಯಾವ ಕಾದಂಬರಿಯ ನಿರೂಪಕ ಅಂತ ಓದುಗರು ಕೇಳಬಹುದು. ಇದು ಸಣ್ಣ ಕಾರಣ. ದೊಡ್ಡ ಕಾರಣ, ಆ ಪದದಲ್ಲಿ ಪಿವೊ ಮಾಡಿದ ಕೆಲಸ ಕಾಣುವುದೇ ಇಲ್ಲ.

ಕೆಲಸ ಏನು ಅಂತ ನೋಡಿ. ಹುಟ್ಟಿದ್ದು ಲಿಯೋಂ ನಗರದಲ್ಲಿ, ಕಿರಾಣಿ ಅಂಗಡಿಯವರ ಮನೆಯಲ್ಲಿ. ಎರಡನೇ ಮಹಾಯುದ್ಧದಲ್ಲಿ ತಂದೆ ಜರ್ಮನರ ಸೆರೆಯಾದರು. ತಾಯಿ ಮಕ್ಕಳನ್ನು ಕರೆದುಕೊಂಡು ಬೋಜೊಲೆ ಸೀಮೆಯ ಕ್ಯಾಂಸಿಯೆ ಅನ್ನುವ ಹಳ್ಳಿ ಸೇರಿದರು. ಅಲ್ಲಿ ಹುಡುಗನ ಕೈಗೆ ಸಿಕ್ಕ ಪುಸ್ತಕಗಳು ಮುಖ್ಯವಾಗಿ ಎರಡು: ಒಂದು ಲಾರೂಸ್ ನಿಘಂಟು, ಇನ್ನೊಂದು ಫ್ರೆಂಚ್ ಕವಿ ಲಾ ಫೋಂತೇನ್‌ನ ನೀತಿಕಥೆಗಳು. ಕಥೆಯಲ್ಲಿ ಸಿಕ್ಕ ಪದ ನಿಘಂಟಿನಲ್ಲಿ ಹುಡುಕುವುದು, ನಿಘಂಟಿನಿಂದ ಮತ್ತೆ ಕಥೆಗೆ ಬರುವುದು. (ನಮ್ಮಂಥವರಿಗೆ ಈ ಬಾಲ್ಯ ಕಂಡರೆ ಹೊಟ್ಟೆಕಿಚ್ಚು. ಯುದ್ಧ ಬಿಟ್ಟು.) ಆಮೇಲೆ ಪ್ಯಾರಿಸ್‌ನಲ್ಲಿ ಪತ್ರಿಕೋದ್ಯಮ ಕಲಿತು, 1958ರಲ್ಲಿ ‘ಫಿಗಾರೊ ಲಿತೆರೇರ್’ ಅನ್ನುವ ಸಾಹಿತ್ಯ ವಾರಪತ್ರಿಕೆ ಸೇರಿದರು. ಸಂದರ್ಶನದಲ್ಲಿ ಸಾಹಿತ್ಯಕ್ಕಿಂತ ಊರಿನ ವೈನ್ ಬಗ್ಗೆ ಮಾತಾಡಿಯೇ ಕೆಲಸ ಗಿಟ್ಟಿಸಿದೆ ಅಂತ ಅವರೇ ನಗುತ್ತಾ ಹೇಳಿಕೊಳ್ಳುತ್ತಿದ್ದರು.

ಆ ವಾರಪತ್ರಿಕೆಯಲ್ಲಿ ಅವರ ಹುದ್ದೆಗೆ ಇದ್ದ ಹೆಸರು ‘ಕುರಿಯೆರಿಸ್ತ್’. ‘ಕುರಿಯೆ’ ಅಂದರೆ ಅಂಚೆ, ಪತ್ರ. ಸಾಹಿತ್ಯಲೋಕದ ಸಣ್ಣಪುಟ್ಟ ಸುದ್ದಿಗಳನ್ನು ಅಂಕಣವಾಗಿ ಬರೆಯುವವರು ಕುರಿಯೆರಿಸ್ತ್. ಹೆಸರಾದ ಮೇಲೂ ತಾನು ವಿಮರ್ಶಕನಲ್ಲ, ಸಾಹಿತ್ಯದ ಕುರಿಯೆರಿಸ್ತ್ ಅಂತಲೇ ಅವರು ಹೇಳಿಕೊಂಡರು. ನಮ್ಮ ಗೆಳೆಯರಿಗೆ ನಾನು ಕೊಟ್ಟ ಉತ್ತರ ಇದೇ: ‘ಪತ್ರ ಎಲ್ಲಿದೆ ಅಂದಿರಲ್ಲ, ಇಲ್ಲಿದೆ ನೋಡಿ.’ ಅವರು ನಕ್ಕರು, ಒಪ್ಪಲಿಲ್ಲ. ‘ಅದು ಪತ್ರಿಕೆಯಲ್ಲಿದ್ದಾಗಿನ ಮಾತು. 1973ರಿಂದ ಅವರು ಟಿವಿಯವರೇ ಅಲ್ವಾ?’ ಅಂದರು.

ಸರಿ, ಹಾಗಾದರೆ ಫ್ರೆಂಚ್‌ನವರು ಏನು ಮಾಡಿದರು? ಅವರ ‘ಜೂರ್ನಲಿಸ್ತ್’ ಬಂದಿದ್ದು ‘ಜೂರ್ನಾಲ್’ನಿಂದ. ಅದರ ಬೇರು ‘ಜೂರ್’, ಅಂದರೆ ದಿನ. ಜೂರ್ನಾಲ್ ಅಂದರೆ ದಿನಪತ್ರಿಕೆ, ದಿನಚರಿಗೂ ಅದೇ ಪದ. 1920ರ ದಶಕದಲ್ಲಿ ಐಫೆಲ್ ಗೋಪುರದಿಂದ ರೇಡಿಯೋ ಸುದ್ದಿ ಬರತೊಡಗಿದಾಗ ಅದಕ್ಕೆ ಹೊಸ ಪದ ಹುಡುಕುತ್ತಾ ಕೂರಲಿಲ್ಲ. ‘ಮಾತಾಡುವ ಜೂರ್ನಾಲ್’ ಅಂದುಬಿಟ್ಟರು. 1949ರ ಜೂನ್ 29ರಂದು ಪಿಯೆರ್ ಸಬಾಗ್ ಟಿವಿಯಲ್ಲಿ ಸುದ್ದಿ ಶುರು ಮಾಡಿದಾಗಲೂ ಅಷ್ಟೇ, ಅದು ‘ಟಿವಿಯ ಜೂರ್ನಾಲ್’ ಆಯಿತು. ಇವತ್ತಿಗೂ ರಾತ್ರಿ ಎಂಟರ ಸುದ್ದಿ ಅವರಿಗೆ ‘ಎಂಟು ಗಂಟೆಯ ಜೂರ್ನಾಲ್’. ಕಾಗದ ಹೋಯಿತು, ಹೆಸರು ಉಳಿಯಿತು. ನಮ್ಮ ‘ಪತ್ರ’ವೂ ಹಾಗೇ ತಾನೇ? ಮೊದಲು ಎಲೆ, ಆಮೇಲೆ ಓಲೆ, ಆಮೇಲೆ ಕಾಗದ. ಎಲೆಯಿಂದ ಕಾಗದಕ್ಕೆ ಹಾರಿದ ಪದ ಪರದೆಗೆ ಹಾರಬಾರದಾ?

ಇನ್ನೊಂದು ವಿಷಯ. ಫ್ರಾನ್ಸಿನಲ್ಲಿ ‘ಜೂರ್ನಲಿಸ್ತ್’ ಬರೀ ವಾಡಿಕೆಯ ಪದವಲ್ಲ, ಕಾನೂನಿನ ಪದ. 1935ರ ಮಾರ್ಚ್‌ನಲ್ಲಿ ಬಂದ ಕಾನೂನು ಪತ್ರಕರ್ತ ಯಾರು ಅಂತ ವ್ಯಾಖ್ಯೆ ಕೊಟ್ಟಿತು. ಗುರುತಿನ ಚೀಟಿ ಬಂದಿದ್ದೂ ಅದರಿಂದಲೇ. ಪಿವೊ ಹುಟ್ಟಿದ್ದು ಅದೇ ವರ್ಷ ಮೇ ತಿಂಗಳಲ್ಲಿ. ಟಿವಿ ಕಾರ್ಯಕ್ರಮ ನಡೆಸಿಕೊಡುವವರಿಗೆ ಅಲ್ಲಿ ಬೇರೆ ಪದ ಇದೆ, ‘ಆನಿಮಾತರ್’, ಕಳೆ ತುಂಬುವವರು. ಪತ್ರಕರ್ತರನ್ನು ಆನಿಮಾತರ್ ಅಂದರೆ ಮುಖ ಗಂಟಿಕ್ಕುತ್ತಾರೆ. ಸರ್ಕಾರ ದೇಶದ ಅತ್ಯುನ್ನತ ಗೌರವವಾದ ಲೆಜಿಯೋಂ ದೊನರ್ ಕೊಡಲು ಬಂದಾಗಲೂ, ಕೆಲಸದಲ್ಲಿರುವ ಪತ್ರಕರ್ತ ಇಂಥದ್ದನ್ನು ತಗೋಬಾರದು ಅಂತ ಪಿವೊ ಬೇಡ ಅಂದರು. ತನ್ನನ್ನು ಪತ್ರಕರ್ತ ಅಂತ ಇಷ್ಟು ಗಟ್ಟಿಯಾಗಿ ನಂಬಿದವರನ್ನು ನಾವು ನಿರೂಪಕ ಅನ್ನುವುದು ಹೇಗೆ?

‘ಪತ್ರಿಕೋದ್ಯಮಿ’ ಅನ್ನುವ ಸಲಹೆಯೂ ಬಂತು. ಅದನ್ನು ಕೇಳಿದರೆ ನನಗೆ ಅಚ್ಚಿನ ಯಂತ್ರದ ಮಾಲೀಕರು ನೆನಪಾಗುತ್ತಾರೆ. ‘ಬಾತ್ಮೀದಾರ’ ಚೆಂದದ ಹಳೆಯ ಪದ, ಆದರೆ ಅದು ವರದಿಗಾರರಿಗೆ ಸರಿ. ಹಾಗೇ ರೇಡಿಯೋವನ್ನು ‘ಆಕಾಶವಾಣಿ’ ಮಾಡಲು ಒಬ್ಬರು ಹೊರಟರು. ಪ್ರೊ. ಎಂ.ವಿ. ಗೋಪಾಲಸ್ವಾಮಿ 1935ರಲ್ಲಿ ಮೈಸೂರಿನ ಮನೆಯಿಂದ ಶುರು ಮಾಡಿದ ರೇಡಿಯೋ ಕೇಂದ್ರದ ಹೆಸರದು, ಆಮೇಲೆ ಇಡೀ ದೇಶದ್ದಾಯಿತು. ನಮ್ಮ ಹೆಮ್ಮೆಯ ಪದ, ನಿಜ. ಆದರೆ ‘ಪಿವೊ ಫ್ರಾನ್ಸಿನ ಆಕಾಶವಾಣಿಯಲ್ಲಿದ್ದರು’ ಅಂದರೆ ಅವರನ್ನು ನಮ್ಮ ಸರ್ಕಾರಿ ನೌಕರರನ್ನಾಗಿ ಮಾಡಿದಂತಾಗುತ್ತದೆ. ರೇಡಿಯೋ, ಟಿವಿ ಹಾಗೇ ಇರಲಿ.

ಈಗ ಅವರ ಕಾರ್ಯಕ್ರಮಗಳ ಹೆಸರಿಗೆ ಬರೋಣ. ನನಗೆ ನಿಜವಾಗಿ ನಿದ್ದೆ ಕೆಡಿಸಿದ್ದು ಇವು.

1973ರ ಮೊದಲ ಕಾರ್ಯಕ್ರಮದ ಹೆಸರಿನ ನೇರ ಅರ್ಥ ‘ಉದ್ಧರಣ ಚಿಹ್ನೆ ತೆರೆಯಿರಿ’. ಕನ್ನಡದಲ್ಲಿ ಇದು ಸರ್ಕಾರಿ ಸುತ್ತೋಲೆಯ ಹಾಗೆ ಕೇಳಿಸುತ್ತದೆ. ಆದರೆ ಫ್ರೆಂಚ್ ಮಕ್ಕಳಿಗೆ ಅದು ತರಗತಿಯ ದನಿ. ಉಕ್ತಲೇಖನ ಹೇಳಿಸುವಾಗ ಮೇಷ್ಟ್ರು ‘ಅಲ್ಪವಿರಾಮ… ಪೂರ್ಣವಿರಾಮ… ಹೊಸ ಸಾಲು’ ಅನ್ನುತ್ತಾರಲ್ಲ, ಅದೇ ರಾಗ.

1975ರ ಜನವರಿ 10ರಿಂದ 1990ರ ಜೂನ್‌ವರೆಗೆ ಶುಕ್ರವಾರ ರಾತ್ರಿ ಬಂದ ಕಾರ್ಯಕ್ರಮ ‘ಅಪೊಸ್ತ್ರೋಫ್’. ಒಟ್ಟು 724 ಕಂತು. ನಾಲ್ಕೈದು ಲೇಖಕರನ್ನು ಕೂರಿಸಿಕೊಂಡು ಅವರ ಪುಸ್ತಕಗಳ ಬಗ್ಗೆ ಮಾತು, ಅಷ್ಟೇ. ಶನಿವಾರ ಬೆಳಗ್ಗೆ ಜನ ಪುಸ್ತಕದಂಗಡಿಗೆ ಬಂದು ನಿನ್ನೆ ಟಿವಿಯಲ್ಲಿ ಬಂದ ಪುಸ್ತಕ ಕೊಡಿ ಅನ್ನುತ್ತಿದ್ದರು. ಇದು ಒಬ್ಬರದೇ ದರ್ಬಾರಾಯಿತು ಅಂತ 1982ರಲ್ಲಿ ಚಿಂತಕ ರೆಜಿಸ್ ದೆಬ್ರೆ ದೂರಿದ್ದೂ ಉಂಟು. ‘ಲೊಲಿಟಾ’ ಕಾದಂಬರಿ ಬರೆದ ನಬೊಕೊವ್ ಬಂದಾಗಿನ ಕತೆ ನಿಮಗೆ ಗೊತ್ತಿರಬಹುದು. ಮೇಜಿನ ಮೇಲೆ ಟೀ ಪಾಟ್ ಇತ್ತು, ಒಳಗಿದ್ದದ್ದು ವಿಸ್ಕಿ. ಪಿವೊ ಗಂಭೀರವಾಗಿ, ಇನ್ನಷ್ಟು ಟೀ ಬೇಕಾ ಅಂತ ಕೇಳಿ ಕೇಳಿ ಬಗ್ಗಿಸುತ್ತಿದ್ದರು. ನಿರೂಪಕರ ಬದಲು ‘ಆತಿಥೇಯ’ ಅನ್ನಬಹುದು ಅಂತ ನನಗೆ ಒಂದೇ ಒಂದು ಸಲ ಅನಿಸಿದ್ದು ಇಲ್ಲೇ.

ಅಪೊಸ್ತ್ರೋಫ್‌ಗೆ ಮೂರು ಅರ್ಥ. ಒಂದು, ಅಕ್ಷರ ಬಿಟ್ಟುಹೋದ ಕಡೆ ಹಾಕುವ ಚಿಹ್ನೆ. ನಮ್ಮಲ್ಲಿ ‘ಊರು’, ‘ಇಂದ’ ಸೇರಿ ‘ಊರಿಂದ’ ಆದಾಗ ಉಕಾರ ಹೋಗುತ್ತದೆ. ಲೋಪಸಂಧಿ ಅನ್ನುತ್ತೇವೆ, ಗುರುತು ಹಾಕುವುದಿಲ್ಲ. ಅವರು ಹಾಕುತ್ತಾರೆ. ಎರಡು, ಮಾತಿನ ನಡುವೆ ತಿರುಗಿ ಯಾರನ್ನೋ ಕರೆಯುವುದು. ವಚನದ ಕೊನೆಗೆ ‘ಕೂಡಲಸಂಗಮದೇವಾ’ ಅಂತ ಬರುತ್ತದಲ್ಲ, ಆ ಸಂಬೋಧನೆ. ಮೂರು, ದಿನಬಳಕೆಯ ಅರ್ಥ: ‘ಏನ್ರೀ, ಇಲ್ಲಿ ನೋಡಿ’ ಅಂತ ಕೊಂಚ ಗದರುವ ಹಾಗೆ ಕೂಗುವುದು. ಈ ಮೂರೂ ಒಂದೇ ಕನ್ನಡ ಪದದಲ್ಲಿ ಸಿಗುತ್ತದಾ? ‘ಸಂಬೋಧನೆ’ ಎರಡನೆಯದಕ್ಕೆ ಸರಿ, ಆದರೆ ಅದರಲ್ಲಿ ಗದರಿಕೆ ಇಲ್ಲ. ‘ಏನ್ರೀ’ ಅಂತ ಇಡೋಣ ಅಂದೆ, ಬಳಗದವರು ಗಂಡ ಹೆಂಡತಿ ಧಾರಾವಾಹಿ ಅಂದುಕೊಳ್ಳುತ್ತಾರೆ ಅಂದರು. ಸದ್ಯಕ್ಕೆ ಮೂಲದ ಹೆಸರನ್ನೇ ಉಳಿಸಿದ್ದೇನೆ. (ಅಂದ ಹಾಗೆ, ಅವರ ಹೆಸರನ್ನು ‘ಪಿವೋಟ್’ ಅಂತ ಬರೆಯಬೇಡಿ. ಕೊನೆಯ ಟಕಾರ ಬರವಣಿಗೆಗೆ ಮಾತ್ರ, ಬಾಯಿಗೆ ಬರುವುದಿಲ್ಲ.)

‘ಉಕ್ತಲೇಖನ’ಕ್ಕೆ ಮಾತ್ರ ತಂಟೆಯೇ ಬರಲಿಲ್ಲ. 1985ರಲ್ಲಿ ಪಿವೊ ದೇಶಮಟ್ಟದ ಕಾಗುಣಿತ ಸ್ಪರ್ಧೆ ಶುರು ಮಾಡಿದರು. ಅದು 2005ರವರೆಗೆ ನಡೆಯಿತು. 1992ರಲ್ಲಿ ನ್ಯೂಯಾರ್ಕ್‌ನ ವಿಶ್ವಸಂಸ್ಥೆಯ ಸಭಾಂಗಣದಲ್ಲೂ ಜನ ಕೂತು ಉಕ್ತಲೇಖನ ಬರೆದರು! ಹಸಿರು, ಗಾಜು, ಹುಳು, ‘ಕಡೆಗೆ’, ಈ ನಾಲ್ಕಕ್ಕೂ ಫ್ರೆಂಚ್‌ನಲ್ಲಿ ಒಂದೇ ಉಚ್ಚಾರಣೆ, ‘ವೇರ್’. ಬರೆಯುವ ರೀತಿ ಮಾತ್ರ ಬೇರೆ ಬೇರೆ. ಸ್ಪರ್ಧೆಗೆ ಇಷ್ಟು ಸಾಕಲ್ಲ. ಕನ್ನಡದಲ್ಲಿ ಕೇಳಿದ ಹಾಗೆ ಬರೆಯಬಹುದು ಅಂತ ನಾವು ಬೀಗುತ್ತೇವೆ. ಆದರೆ ಶ, ಷ, ಮಹಾಪ್ರಾಣ ಇಟ್ಟುಕೊಂಡು ನಮಗೂ ಒಂದು ಸ್ಪರ್ಧೆ ಇಟ್ಟರೆ ನಾನೇ ಮೊದಲ ಸುತ್ತಿನಲ್ಲಿ ಮನೆಗೆ.

‘ಲೇಖಕ’ದ ಪಕ್ಕದ ಪ್ರಶ್ನೆಚಿಹ್ನೆ ಮರೆಯಲಿಲ್ಲ. 1959ರಲ್ಲೇ ಒಂದು ಕಾದಂಬರಿ ಬರೆದಿದ್ದರೂ, ಪಿವೊ ಹೆಸರು ಮಾಡಿದ್ದು ಬೇರೆ ಬಗೆಯ ಪುಸ್ತಕಗಳಿಂದ. ಉಳಿಸಬೇಕಾದ ನೂರು ಪದಗಳ ಬಗ್ಗೆ ಒಂದು, ವೈನ್ ಬಗ್ಗೆ ನಿಘಂಟಿನ ರೂಪದಲ್ಲಿ ಒಂದು, ತಮ್ಮ ಬಾಳಿನ ಪದಗಳ ಬಗ್ಗೆ ಒಂದು. ಟ್ವೀಟ್‌ಗಳನ್ನು ಸೇರಿಸಿಯೂ ಒಂದು ಬಂತು. ಹೀಗಾಗಿ ‘ಸಾಹಿತಿ’ ಅನ್ನಲು ನನಗೂ ಬಾಯಿ ಬರುವುದಿಲ್ಲ. ಫ್ರೆಂಚ್‌ನವರಲ್ಲೂ ಈ ಭೇದ ಇದೆ: ‘ಎಕ್ರಿವ್ಯಾಂ’ ಅಂದರೆ ಸಾಹಿತಿ, ‘ಓತರ್’ ಅಂದರೆ ಪುಸ್ತಕ ಬರೆದವರು. 2004ರಲ್ಲಿ, ಫ್ರಾನ್ಸಿನ ಹೆಸರಾಂತ ಸಾಹಿತ್ಯ ಪ್ರಶಸ್ತಿ ಕೊಡುವ ಗೊಂಕೂರ್ ಅಕಾಡೆಮಿ ಇವರನ್ನು ಒಳಗೆ ಕರೆದುಕೊಂಡಾಗ ಸುದ್ದಿಯಾದದ್ದು ಇದಕ್ಕೇ. ಸಾಹಿತಿಗಳ ಮೇಜಿಗೆ ಒಬ್ಬ ಪತ್ರಕರ್ತ ಬಂದು ಕೂತ ಅಂತ. 2014ರಿಂದ 2019ರವರೆಗೆ ಅದರ ಅಧ್ಯಕ್ಷರೂ ಆಗಿದ್ದರು. ನನ್ನ ಮಟ್ಟಿಗೆ ಓತರ್‌ಗೆ ‘ಲೇಖಕ’ ಸರಿಯಾಗಿದೆ. ‘ಗ್ರಂಥಕರ್ತ’ ಅಂದರೆ ‘ಪತ್ರಕರ್ತ’ಕ್ಕೆ ಪ್ರಾಸವೂ ಆಗುತ್ತದೆ, ಆದರೆ ಜಾಸ್ತಿ ಭಾರ.

ಅವರ ಕೆಲಸಕ್ಕೆ ಎಲ್ಲಕ್ಕಿಂತ ಹತ್ತಿರದ ಪದ ನನಗೆ ಗಮಕದಲ್ಲಿ ಕಂಡಿತು. ಅಲ್ಲಿ ಒಬ್ಬರು ವಾಚನ ಮಾಡುತ್ತಾರೆ, ಇನ್ನೊಬ್ಬರು ವ್ಯಾಖ್ಯಾನ ಮಾಡುತ್ತಾರೆ. ಪಿವೊ ವಾರವೆಲ್ಲ ಕೂತು ಓದಿ, ಶುಕ್ರವಾರ ಬಂದು ಸಭೆಯ ಪರವಾಗಿ ಕೇಳುತ್ತಿದ್ದರು. ವಾಚಕರೂ ಅಲ್ಲ, ವ್ಯಾಖ್ಯಾನಕಾರರೂ ಅಲ್ಲ, ಇಬ್ಬರ ನಡುವಿನ ಜಾಗ. ಆ ಜಾಗಕ್ಕೆ ನಮ್ಮಲ್ಲಿ ಹೆಸರಿದೆಯಾ?

ಕೊನೆಯದಾಗಿ, 1991ರಿಂದ 2001ರವರೆಗೆ ಬಂದ ಅವರ ಕಾರ್ಯಕ್ರಮ, ‘ಬುಯ್ಯೋಂ ದ ಕುಲ್ತ್ಯೂರ್’. ಬುಯ್ಯೋಂ ಅಂದರೆ ತಿಳಿಯಾದ ಸಾರು. ಎರಡೂ ಪದ ಸೇರಿದರೆ, ಪ್ರಯೋಗಾಲಯದಲ್ಲಿ ಸೂಕ್ಷ್ಮಜೀವಿ ಬೆಳೆಸುವ ದ್ರವ. ಹಾಗೆಯೇ ಸಂಸ್ಕೃತಿಯ ಸಾರು ಅಂತಲೂ ಆಗುತ್ತದೆ. ‘ಸಂಸ್ಕೃತಿ ಸಾರು’ ಅಂದರೆ ಕನ್ನಡದಲ್ಲಿ ಒಂದು ಲಾಭ ಇದೆ, ಡಂಗುರ ಸಾರುವ ‘ಸಾರು’ ಕೂಡ ಒಳಗೆ ಬರುತ್ತದೆ. ಆದರೆ ಜೀವಾಣು ತಪ್ಪಿಹೋಗುತ್ತದೆ. ಮೊನ್ನೆ ರಾತ್ರಿ ಹಾಲಿಗೆ ಹೆಪ್ಪು ಹಾಕುವಾಗ ಹೊಳೆಯಿತು: ‘ಹೆಪ್ಪು’! ಜೀವ ಇರುವ ಒಂದು ಚಮಚ, ಇಡೀ ಪಾತ್ರೆ ಬದಲಾಗುತ್ತದೆ. ಸಾರು ಹೋಯಿತು, ಜೀವಾಣು ಬಂತು. ಯಾವುದನ್ನು ಇಟ್ಟುಕೊಳ್ಳಲಿ?

ಭಾನುವಾರ ಪುಟ ಅಚ್ಚಿಗೆ ಹೋಗಬೇಕು. ‘ಪತ್ರಕರ್ತ’ವನ್ನು ರೇಡಿಯೋ ಮಂದಿಗೆ ಬಳಸಿದ ಹಳೆಯ ಉದಾಹರಣೆ ಯಾರ ಬಳಿಯಾದರೂ ಇದ್ದರೆ ಅಷ್ಟರೊಳಗೆ ತಿಳಿಸಿ. ಹೆಪ್ಪಿಗೆ ನಿಮ್ಮ ಕಡೆ ಬೇರೆ ಹೆಸರಿದ್ದರೆ ಅದನ್ನೂ ಹೇಳಿ. ಗೆಳೆಯರ ಕೆಂಪು ಪೆನ್ನು ಇನ್ನೂ ನನ್ನ ಮೇಜಿನ ಮೇಲೇ ಇದೆ.