ಸಹಾಯ ಬೇಕು: ಪೊರೆ ತೆಗೆಸಿದ ಮೇಲೆ ಸ್ಟೀರಾಯ್ಡ್ ಹನಿಯಿಂದ ಕಣ್ಣಿನ ಒತ್ತಡ ಏರಿದೆ

ಎಲ್ಲರಿಗೂ ನಮಸ್ಕಾರ. ಅಮ್ಮನ ಬಲಗಣ್ಣಿನ ಪೊರೆಯ ಶಸ್ತ್ರಚಿಕಿತ್ಸೆಯಾಗಿ ಮೂರು ವಾರವಾಯಿತು. ಪ್ರೆಡ್ನಿಸೋಲೋನ್ ಎಂಬ ಸ್ಟೀರಾಯ್ಡ್ ಹನಿಯನ್ನು ಮೊದಲ ವಾರ ದಿನಕ್ಕೆ 4 ಸಲ, ಆಮೇಲೆ ಪ್ರತಿ ವಾರ ದಿನದ ಲೆಕ್ಕದಲ್ಲಿ ಒಂದೊಂದು ಸಲ ಇಳಿಸುತ್ತ ಬರಲು ಹೇಳಿದ್ದರು. ಬಿಳಿ ಮದ್ದು ತಳದಲ್ಲಿ ಕೂರುವುದರಿಂದ ಸೀಸೆಯನ್ನು ಕುಲುಕಿಯೇ ಹಾಕುತ್ತಿದ್ದೇವೆ. ಒಂದು ಹೊತ್ತೂ ತಪ್ಪಿಸಿಲ್ಲ.

ನೋಟ ಚೆನ್ನಾಗಿಯೇ ಇತ್ತು. ಮೊನ್ನೆ ತಪಾಸಣೆಯಲ್ಲಿ ಒತ್ತಡ 28 ಬಂತು, ಮೊದಲು 15 ಇತ್ತು. ಕೆಲವರ ಕಣ್ಣಿಗೆ ಸ್ಟೀರಾಯ್ಡ್ ಹೀಗೆ ಮಾಡುತ್ತದೆ ಎಂದರು ವೈದ್ಯರು. ಅಮ್ಮನಿಗೆ ನೋವೂ ಇಲ್ಲ, ಕೆಂಪೂ ಇಲ್ಲ. ತಪಾಸಣೆಗೆ ಹೋಗದಿದ್ದರೆ ಗೊತ್ತೇ ಆಗುತ್ತಿರಲಿಲ್ಲ. ಒತ್ತಡ ಇಳಿಸಲು ಟಿಮೋಲಾಲ್ ಬರೆದರು. ಅದು ಉಬ್ಬಸದವರಿಗೆ ಆಗದು; ಅಮ್ಮನಿಗೆ ಉಬ್ಬಸವಿದೆಯಲ್ಲ ಎಂದು ನಾನೇ ನೆನಪಿಸಿದ ಮೇಲೆ ಚೀಟಿ ಹರಿದು ಬೇರೆ ಹನಿ ಕೊಟ್ಟರು. ಆ ಉಬ್ಬಸಕ್ಕೆಂದು ವರ್ಷಗಟ್ಟಲೆ ನುಂಗಿದ ಸ್ಟೀರಾಯ್ಡ್ ಮಾತ್ರೆಯಿಂದಲೇ ಪೊರೆ ಬೇಗ ಬಂದಿರಬಹುದಂತೆ. ಮದ್ದೇ ಮುಳ್ಳಾದ ಕಥೆ!

ಸ್ಟೀರಾಯ್ಡ್ ಹನಿಯನ್ನು ನಾವಾಗಿ ನಿಲ್ಲಿಸುವುದಿಲ್ಲ, ಒಮ್ಮೆಲೇ ಬಿಟ್ಟರೆ ಒಳಗಿನ ಉರಿಯೂತ ಮರುಕಳಿಸಬಹುದು ಎಂದು ಎಚ್ಚರಿಸಿದ್ದಾರೆ.

ಇಂಥದ್ದನ್ನು ಕಂಡವರು ದಯವಿಟ್ಟು ಹೇಳಿ: ನಿಮ್ಮಲ್ಲಿ ಒತ್ತಡ ಇಳಿಯಲು ಎಷ್ಟು ದಿನ ಹಿಡಿಯಿತು? ಎಡಗಣ್ಣಿನ ಸರದಿಯೂ ಇದೆ. ಎರಡನೆಯ ಕಣ್ಣಿಗೆ ಲೋಟೆಪ್ರೆಡ್ನಾಲ್‌ನಂಥ ಸೌಮ್ಯ ಸ್ಟೀರಾಯ್ಡ್ ಅಥವಾ ಸ್ಟೀರಾಯ್ಡ್ ಇಲ್ಲದ ಹನಿ ಕೊಟ್ಟಿದ್ದರೇ? ಮುಂದಿನ ಭೇಟಿಯಲ್ಲಿ ವೈದ್ಯರನ್ನು ಏನು ಕೇಳಬೇಕೆಂದು ತಿಳಿದರೂ ಸಾಕು. ಮನೆಮದ್ದು ಮಾತ್ರ ಬೇಡ.